ಸತ್ತವನ ಸಂಜೆ ಹತ್ತಿದ ದೀಪ

"ಈ ಹೊಲಿಗೆ ಯಾರದ್ದು, ಅಕ್ಕಾ?"

ತನಿಖೆಯಮ್ಮ ಕೋಟಿನ ತೋಳನ್ನು ಮೇಜಿನ ಮೇಲೆ ಹರಡಿ, ಮೊಣಕೈಯ ಜಾಗವನ್ನು ಕಿಟಕಿಯ ಬೆಳಕಿಗೆ ತಿರುಗಿಸಿದಳು. ಎದುರಿಗೆ ಕೂತಿದ್ದ ಸೂಜಿಯಕ್ಕ ಕೋಟಿನ ಕಡೆ ನೋಡಲಿಲ್ಲ. ಕಿಟಕಿಯಾಚೆ ನೋಡಿದಳು.

"ಯಾರದ್ದೋ. ಊರಲ್ಲಿ ಸೂಜಿ ಹಿಡಿಯೋಳು ನಾನೊಬ್ಬಳೇನಾ?"

"ನಿಮ್ಮದು ಅಂತ ನಾನು ಹೇಳಲಿಲ್ವಲ್ಲ."

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಾಯಿತು. ಅದು ಸೂಜಿಯಕ್ಕನಿಗೂ ಗೊತ್ತಾಯಿತು.

ಹಡಗುಗಳಿಗೆ ದಾರಿ ತೋರುವ ಈ ದೀಪದ ಗೋಪುರವನ್ನು ಕಾಯುತ್ತಿದ್ದ ದೀಪದಣ್ಣ ಇದರ ಬುಡದಲ್ಲೇ ಸತ್ತು ಬಿದ್ದು ಇವತ್ತಿಗೆ ಹನ್ನೆರಡು ದಿನ. ಕಾಲು ಜಾರಿ ಬಿದ್ದ ಎಂದು ಬಂದರಿನ ಸಾಹೇಬರು ಬರೆದು ಮುಚ್ಚಿದ್ದ ಸಾವನ್ನು ಮತ್ತೆ ಬಿಚ್ಚಲು ತನಿಖೆಯಮ್ಮ ಬಂದು ಐದು ದಿನ. ಎದುರಿಗೆ ಕೂತವಳು ಆ ದೀಪದಣ್ಣನ ಹೆಂಡತಿ. ದಡದ ಮೇಲಿನ ಹಾಯಿ ಹೊಲಿಯುವ ಕೊಟ್ಟಿಗೆಯಲ್ಲಿ ಮೂವತ್ತು ವರ್ಷ ದುಡಿದವಳು. ಅವಳ ನಿಜವಾದ ಹೆಸರು ಊರಿಗೇ ಮರೆತುಹೋಗಿತ್ತು.

"ಅಂಬಿಗ ಏನು ಹೇಳ್ತಾನೆ ಗೊತ್ತಾ?" ತನಿಖೆಯಮ್ಮ ಅವಸರ ಮಾಡಲಿಲ್ಲ. "ಆವತ್ತು ಬೆಳಿಗ್ಗೆ ಸಾಮಾನು ತಂದುಕೊಟ್ಟನಂತೆ. ಮೂಟೆ ಎತ್ತಿಕೊಳ್ಳೋವಾಗ ದೀಪದಣ್ಣನ ಕೋಟು ಬಾಗಿಲ ಕೊಂಡಿಗೆ ಸಿಕ್ಕಿ ಹರೀತಂತೆ. ಮೊಣಕೈ ಚರ್ಮ ಕಾಣೋ ಅಷ್ಟು. 'ಅಣ್ಣಾ, ಹೊಸ ಕೋಟು ಹೊಲಿಸ್ಕೋ' ಅಂತ ಇವನು ನಕ್ಕನಂತೆ. ಮಾರನೇ ದಿನ ಬೆಳಿಗ್ಗೆ ಹೆಣ ನೋಡಿದವನೂ ಅವನೇ. ಅಷ್ಟು ಹೊತ್ತಿಗೆ ತೋಳು ಹೊಲಿದಾಗಿತ್ತು."

"ಅವರೇ ಹೊಲಿದುಕೊಂಡಿರಬೇಕು."

"ಮೇಣ ಹಚ್ಚಿದ ಹಾಯಿಯ ದಾರ. ಮೂರು ಹೊಲಿಗೆಗೊಮ್ಮೆ ಹಿಂದಕ್ಕೆ ಬಂದು ಒಂದು ಗಂಟು. ನಿನ್ನೆ ನಿಮ್ಮ ಕೊಟ್ಟಿಗೆಗೆ ಹೋಗಿದ್ದೆ. ಹದಿನೇಳು ಹಾಯಿ ಬಿಚ್ಚಿಸಿ ನೋಡಿದೆ. ಅಂಥ ಗಂಟು ಹಾಕೋ ಕೈ ಅಲ್ಲಿ ಒಂದೇ."

ಸೂಜಿಯಕ್ಕ ತನ್ನ ಕೈಗಳನ್ನು ಸೆರಗಿನೊಳಗೆ ಸೇರಿಸಿಕೊಂಡಳು. ಹೆಬ್ಬೆರಳ ಬುಡದಲ್ಲಿ, ದಪ್ಪ ಸೂಜಿ ತಳ್ಳಿ ತಳ್ಳಿ, ಕಾಸಿನಗಲ ಗಟ್ಟಿಯಾದ ಚರ್ಮ ಇತ್ತು.

"ನಾಲ್ಕು ತಿಂಗಳಿಂದ ಅವರ ಮುಖ ನೋಡಿಲ್ಲ ಅಂದಿದ್ರಿ," ಎಂದಳು ತನಿಖೆಯಮ್ಮ.

ಹೊರಗೆ ಅಲೆ ಬಂಡೆಗೆ ಬಡಿದು ಬೆಳ್ಳಗೆ ಚಿಮ್ಮಿತು. ಸದ್ದಿಲ್ಲ. ಗೋಪುರದ ಸುತ್ತ ಒಂದು ಹರದಾರಿ ದೂರ ನೀರು ಮೂಕ. ಎಷ್ಟು ಎತ್ತರದ ಅಲೆಯಾದರೂ ಪಿಟ್ಟೆನ್ನದೆ ಒಡೆಯುತ್ತದೆ. ಬೇರೆ ಕಡಲಲ್ಲಾದರೆ ಕತ್ತಲಲ್ಲೂ ನಾವಿಕರು ಬಂಡೆಯನ್ನು ಕಿವಿಯಿಂದ ಕಂಡುಕೊಳ್ಳುತ್ತಾರೆ. ಇಲ್ಲಿ ಕಣ್ಣೇ ಗತಿ, ಕಣ್ಣಿಗೆ ಈ ದೀಪವೇ ಗತಿ. ಮೊದಲ ದಿನ ತನಿಖೆಯಮ್ಮನಿಗೆ ತನ್ನ ಕಿವಿಯೇ ಕೆಟ್ಟಿತೇನೋ ಎನಿಸಿತ್ತು. ಒಬ್ಬಳೇ ಕೂತು ಚಮಚದಿಂದ ಲೋಟ ಬಡಿದು ನೋಡಿಕೊಂಡಿದ್ದಳು.

"ನಿಮ್ಮನ್ನು ಹಿಡಿದದ್ದು ಈ ಹೊಲಿಗೆ ಅಲ್ಲ, ಅಕ್ಕಾ. ದೀಪ," ಎಂದಳು. "ವೈದ್ಯರ ಲೆಕ್ಕಕ್ಕೆ ದೀಪದಣ್ಣನ ಜೀವ ಹೋದದ್ದು ಮಧ್ಯಾಹ್ನ. ಆದರೆ ಆವತ್ತು ಸಂಜೆ ದೀಪ ಹತ್ತಿದ್ದನ್ನು ಇಡೀ ಬಂದರು ನೋಡಿದೆ. ಬೆಳಗಿನ ತನಕ ಉರೀತು. ಸತ್ತವನು ಬಂದು ಹಚ್ಚಿದನಾ?"

ಈ ದೀಪವನ್ನು ಕಡ್ಡಿ ಗೀರಿ ಹಚ್ಚುವಂತಿಲ್ಲ. ಅದಕ್ಕೆ ಎಣ್ಣೆಯಿಲ್ಲ, ಬತ್ತಿಯಿಲ್ಲ. ಹಿತ್ತಾಳೆ ಬಟ್ಟಲಲ್ಲಿ ಮುಷ್ಟಿಗಾತ್ರದ ಒಂದು ಬಿಳಿ ಕಲ್ಲು, ಅಷ್ಟೆ. ಸಂಜೆ ಯಾರಾದರೂ ಅದರ ಮುಂದೆ ನಿಂತು, ಅಲ್ಲಿಯವರೆಗೆ ಯಾರೆದುರೂ ಬಾಯಿಬಿಟ್ಟಿರದ ಒಂದು ನಿಜ ಹೇಳಬೇಕು. ಬೆಳಿಗ್ಗೆ ಹಲ್ಲುಜ್ಜಿದೆ ಎಂದರೆ ಅದು ಮಿಟುಕುವುದೂ ಇಲ್ಲ. ಎದೆಯಲ್ಲಿ ಕಲ್ಲಾಗಿ ಕೂತ ಮಾತೇ ಆಗಬೇಕು. ಸುಳ್ಳಾದರೆ ಹತ್ತುವುದಿಲ್ಲ. ಒಮ್ಮೆ ಹೇಳಿದ್ದನ್ನು ಮತ್ತೆ ಹೇಳಿದರೂ ಹತ್ತುವುದಿಲ್ಲ. ಪಕ್ಕದಲ್ಲಿ ಇನ್ನೊಬ್ಬರು ನಿಂತು ಕೇಳಿಸಿಕೊಂಡರೆ ಅದಕ್ಕೇನೂ ಅಡ್ಡಿಯಿಲ್ಲ.

ದೀಪದಣ್ಣ ಸತ್ತ ಮೇಲೆ ಒಂದು ವಾರ ಬಂದರಿನ ಗುಮಾಸ್ತರು ಸರದಿಯ ಮೇಲೆ ಬಂದು ಹಚ್ಚಿದರು. ಒಬ್ಬ ಗುಮಾಸ್ತ ಹೇಳಿದ ನಿಜ ಇನ್ನೊಬ್ಬನ ಕಿವಿಗೆ ಬಿದ್ದು, ಇವತ್ತಿಗೂ ಅವರಿಬ್ಬರಿಗೆ ಮಾತಿಲ್ಲ. ಆಮೇಲೆ ಒಬ್ಬರೂ ಇತ್ತ ತಲೆ ಹಾಕಲಿಲ್ಲ. ಕೆಲಸ ತನಿಖೆಯಮ್ಮನ ಕೊರಳಿಗೇ ಬಿತ್ತು.

ಮೊದಲ ಸಂಜೆ ಅವಳಿಗೆ ಸುಲಭವೆನಿಸಿತ್ತು. ಹುಡುಗಿಯಾಗಿದ್ದಾಗ ಮಾಡಿದ ಒಂದು ಕಳ್ಳತನ ಹೇಳಿ ಹಚ್ಚಿದಳು. ಎರಡನೆಯ ಸಂಜೆ, ಅಪ್ಪ ಕೊನೆಯ ಸಲ ಕೂಗಿದಾಗ ತಾನು ಎಚ್ಚರವಾಗಿದ್ದೂ ಮುಸುಕೆಳೆದುಕೊಂಡು ಮಲಗಿದ್ದನ್ನು ಹೇಳಿದಳು. ಮೂರನೆಯದು, ತಂಗಿಯ ಮದುವೆಗೆ ಹೋಗದೆ ಇದ್ದದ್ದು ಜ್ವರದಿಂದಲ್ಲ ಎಂಬುದು. ನಾಲ್ಕನೆಯದನ್ನು ಹೇಳಿದ ಮೇಲೆ ಕೆಳಗಿನವರೆಗೆ ಇಳಿಯಲಿಲ್ಲ. ಮೆಟ್ಟಿಲ ಮೇಲೇ ಕೂತುಬಿಟ್ಟಿದ್ದಳು. ಐವತ್ತೆರಡು ವರ್ಷದಲ್ಲಿ ಯಾರಿಗೂ ಹೇಳದ ಮಾತುಗಳು ಇಷ್ಟೊಂದು ಇವೆಯೇ ಎಂದು ಅವಳಿಗೆ ಗಾಬರಿಯಾಗಿತ್ತು. ಅದಕ್ಕಿಂತ ಗಾಬರಿಯಾದದ್ದು ಇನ್ನೊಂದಕ್ಕೆ: ಹೇಳಿಕೊಳ್ಳಲು ಇಷ್ಟು ವರ್ಷ ಒಬ್ಬರೂ ಇರಲಿಲ್ಲವಲ್ಲ.

"ಬಂದಿದ್ದೆ," ಎಂದಳು ಸೂಜಿಯಕ್ಕ.

ತನಿಖೆಯಮ್ಮ ಕೋಟನ್ನು ಪಕ್ಕಕ್ಕೆ ಸರಿಸಿದಳು.

"ಅವರೇ ಹೇಳಿಕಳಿಸಿದ್ರು. ಒಂದು ಚೀಟಿ. 'ಬಾ, ನಿನ್ನ ಹತ್ರ ಒಂದು ಮಾತು ಹೇಳೋದಿದೆ' ಅಂತ. ಇಪ್ಪತ್ತಾರು ವರ್ಷದಲ್ಲಿ ಅದೇ ಮೊದಲು." ಅವಳು ಸೆರಗಿನೊಳಗಿಂದ ಕೈ ತೆಗೆದು ಮೇಜಿನ ಮೇಲಿಟ್ಟಳು. "ನೀವು ನಂಬ್ತೀರೋ ಇಲ್ವೋ. ತಿಂಗಳಿಗೆರಡು ದಿನ ಹಗಲು ಹೊತ್ತು ಮನೆಗೆ ಬರೋರು. ತೊಳೆದು ಬೋರಲು ಹಾಕಿದ ಪಾತ್ರೆ ಥರ ಕೂತಿರೋರು. ಏನಾದ್ರೂ ಮಾತಾಡಿ ಅಂದ್ರೆ, 'ಎಲ್ಲಾ ಅಲ್ಲೇ ಖರ್ಚಾಯ್ತು ಕಣೆ' ಅನ್ನೋರು. ನಾಳೆ ದೀಪಕ್ಕೆ ಬೇಕಲ್ಲ ಅಂತ ಇದ್ದಬದ್ದ ಮಾತನ್ನೂ ಎತ್ತಿಡೋರು. ಸವತಿ ಅಂದ್ರೆ ಹೆಂಗಸೇ ಆಗಬೇಕಾ ಅಮ್ಮಾವ್ರೇ? ನಂಗೆ ಈ ಕಲ್ಲೇ ಸವತಿ."

"ಅದಕ್ಕೇ ನಾಲ್ಕು ತಿಂಗಳಿಂದ ಬಾಗಿಲು ಹಾಕಿದ್ರಾ?"

"ಹೂಂ. ಬರಬೇಡಿ ಅಂದೆ. ಬರಲಿಲ್ಲ. ಯಾಕೆ ಅಂತ ಕೇಳಲೂ ಇಲ್ಲ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಹಳೆಯ ಗಾಯವನ್ನು ತೋರಿಸುವಾಗ ಇರುವ ಒಂದು ಬಗೆಯ ನಿರಾಳ ಇತ್ತು. ತನಿಖೆಯಮ್ಮ ಇಂಥ ದನಿಯನ್ನು ಕೊಂದವರಲ್ಲೂ ಕೇಳಿದ್ದಳು, ಕೊಲ್ಲದವರಲ್ಲೂ ಕೇಳಿದ್ದಳು.

"ಚೀಟಿ ಬಂತು. ನಡುಹಗಲ ಇಳಿತಕ್ಕೆ ಬಂಡೆ ಮೇಲಿನ ದಾರಿ ತೆರೆದಿತ್ತು, ನಡ್ಕೊಂಡು ಬಂದೆ. ತೋಳು ಹರಿದಿತ್ತು. ಕೋಟು ಬಿಚ್ಚಿ ಅಂದೆ, ಬಿಚ್ಚಿದ್ರು. ನಾನು ಹೊಲೀತಾ ಕೂತೆ, ಅವರು ಎದುರಿಗೆ ಕೂತರು. ನೀವೀಗ ಕೂತಿರೋ ಜಾಗದಲ್ಲೇ. ಮಾತು ಶುರು ಮಾಡಿದ್ರು..."

"ಏನಂತ?"

"ಮಾತು ಅರ್ಧ ಆಗಿತ್ತು. ಕೋಟು ಹಾಕ್ಕೊಂಡು ಮೇಲೆ ಹೋದರು. ಆಮೇಲೆ ಕಿಟಕಿ ಮುಂದಿಂದ ಕೆಳಗೆ ಬಿದ್ದರು. ಒಂದು ಕೂಗೂ ಇಲ್ಲ. ನಾನು ಹಾಯಿ ಬಟ್ಟೆ ಗಾಳಿಗೆ ಹಾರಿತು ಅಂದುಕೊಂಡೆ."

ಅವಳು ಇನ್ನೇನೋ ಹೇಳಲು ಬಾಯಿ ತೆರೆದಳು. ತನಿಖೆಯಮ್ಮ ಥಟ್ಟನೆ ಕೈ ಅಡ್ಡ ಹಿಡಿದಳು.

"ಸಾಕು. ತಳ್ಳಿದೆ, ತಳ್ಳಲಿಲ್ಲ, ಎರಡನ್ನೂ ಇಲ್ಲಿ ಹೇಳಬೇಡಿ. ಇಲ್ಲಿಯವರೆಗೆ ಯಾರಿಗಾದ್ರೂ ಹೇಳಿದ್ದೀರಾ?"

"ಯಾರು ಕೇಳಿದ್ರು ಹೇಳೋಕೆ?"

"ಒಳ್ಳೆಯದಾಯ್ತು. ಹೊತ್ತು ಮುಳುಗ್ತಾ ಇದೆ. ಮೇಲೆ ಬನ್ನಿ, ಕಲ್ಲಿನ ಮುಂದೆ ಹೇಳಿ. ನಿಜವಾದರೆ ದೀಪ ಹತ್ತುತ್ತೆ, ನೀವು ಮನೆಗೆ ಹೋಗ್ತೀರಿ."

ಸೂಜಿಯಕ್ಕ ಅವಳನ್ನೇ ನೋಡಿದಳು. "ಇದಕ್ಕೇ ನನ್ನನ್ನ ಸಂಜೆ ಹೊತ್ತಿಗೆ ಕರೆಸಿದ್ರಾ?"

"ಹೌದು."

"ಬುದ್ಧಿವಂತರು ನೀವು," ಎಂದಳು ಸೂಜಿಯಕ್ಕ. ಅದು ಹೊಗಳಿಕೆಯಾಗಿರಲಿಲ್ಲ.

ಇನ್ನೂರ ಹನ್ನೆರಡು ಮೆಟ್ಟಿಲು. ಒಂದೊಂದೂ ಗೋಡೆಯ ಪಕ್ಕಕ್ಕೆ ಮಾತ್ರ ಸವೆದಿತ್ತು. ಹತ್ತುವಾಗಲೂ ಇಳಿಯುವಾಗಲೂ ಗೋಡೆ ಹಿಡಿದು ನಡೆದ ಒಬ್ಬನೇ ಮನುಷ್ಯನ ಕಾಲು ಅದು. ಇನ್ನೊಂದು ಪಕ್ಕದ ಕಲ್ಲು ನಿನ್ನೆ ಕಡೆದಂತೆ ಚೂಪಾಗಿತ್ತು. ಎದುರಿಗೆ ಯಾರೂ ಬಾರದ ಮೆಟ್ಟಿಲಿನಲ್ಲಿ ಪಕ್ಕಕ್ಕೆ ಸರಿಯುವ ಅಗತ್ಯ ಯಾರಿಗೆ?

ಹಿಂದೆ ಬರುತ್ತಿದ್ದ ಸೂಜಿಯಕ್ಕ ನೂರಾ ಐವತ್ತರ ಹತ್ತಿರ ನಿಂತಳು. ತನಿಖೆಯಮ್ಮನೂ ನಿಂತಳು.

"ಮೊಣಕಾಲು ನೋವಾ?"

"ಇಲ್ಲ. ಇದಷ್ಟನ್ನೂ ದಿನಾ ಹತ್ತುತಿದ್ರಾ ಅಂತ."

ಮೇಲಿನ ಕೋಣೆ ಸುತ್ತಲೂ ಗಾಜು. ನಡುವೆ ಹಿತ್ತಾಳೆ ಬಟ್ಟಲು, ಅದರಲ್ಲಿ ಕಲ್ಲು. ಹೊಸ್ತಿಲಾಚೆ ಸೊಂಟದೆತ್ತರದ ಕಟಕಟೆಯಿರುವ ಕಿರಿದಾದ ಮೊಗಸಾಲೆ. ದೀಪದಣ್ಣ ಬಿದ್ದದ್ದು ಅಲ್ಲಿಂದಲೇ. ಸೊಂಟದೆತ್ತರದ ಕಟಕಟೆಯನ್ನು ದಾಟಿ ಯಾರೂ ಕಾಲು ಜಾರಿ ಬೀಳುವುದಿಲ್ಲ. ಇದನ್ನು ತಿಳಿಯಲು ಬಂದರಿನ ಸಾಹೇಬರು ಒಮ್ಮೆ ಮೇಲೆ ಹತ್ತಿಬಂದಿದ್ದರೆ ಸಾಕಿತ್ತು. ಅವರು ಹತ್ತಿರಲಿಲ್ಲ.

ಕೋಣೆಯಲ್ಲಿ ಇದ್ದದ್ದು ಒಂದೇ ಮಣೆ. ತನಿಖೆಯಮ್ಮ ಅದನ್ನು ಮುಂದೆ ಸರಿಸಿದಳು.

"ಬೇಡ. ಅದು ಅವರದ್ದು," ಎಂದು ಸೂಜಿಯಕ್ಕ ನಿಂತೇ ಇದ್ದಳು.

ಪಡುವಣದಲ್ಲಿ ಸೂರ್ಯ ನೀರಿಗೆ ತಾಗಿದ್ದ. ಮೂಡಣದ ಮಬ್ಬಿನಲ್ಲಿ ಒಂದು ಚುಕ್ಕೆ ಕಾಣಿಸಿತು. ಹದಿನೈದು ದಿನಕ್ಕೊಮ್ಮೆ ಬರುವ ಜನರ ಹಡಗು. ಮುನ್ನೂರು ಜನ. ಅದು ಬಂಡೆಗಳ ನಡುವಿನ ಕಿರುದಾರಿಗೆ ತಿರುಗುವ ಹೊತ್ತಿಗೆ ದೀಪ ಹತ್ತಿರಬೇಕು.

"ಹೇಳಿ, ಅಕ್ಕಾ."

ಸೂಜಿಯಕ್ಕ ಕಲ್ಲಿನ ಮುಂದೆ ನಿಂತಳು. ಮನೆಗೆ ಬಂದ ಬೀಗತಿಯನ್ನು ನೋಡುವಂತೆ ಅದನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಆಮೇಲೆ ಒಂದೊಂದೇ ಮಾತನ್ನು ಬಿಡಿಸಿ ಹೇಳಿದಳು.

"ನನ್ನ ಗಂಡನನ್ನ ನಾನು ತಳ್ಳಲಿಲ್ಲ."

ಕಲ್ಲು ಕಲ್ಲಾಗಿಯೇ ಇತ್ತು.

ತನಿಖೆಯಮ್ಮ ಮನಸ್ಸಿನಲ್ಲೇ ಹತ್ತರವರೆಗೆ ಎಣಿಸಿದಳು. ಇಪ್ಪತ್ತಾಯಿತು. ಬಟ್ಟಲ ಮೇಲಿನ ಸಂಜೆಗೆಂಪು ಮಾಸುತ್ತ ಬಂತೇ ಹೊರತು ಕಲ್ಲಿನೊಳಗೆ ಎಳ್ಳಷ್ಟು ಬೆಳಕೂ ಹುಟ್ಟಲಿಲ್ಲ.

"ಹಾಗಾದ್ರೆ ತಳ್ಳಿದ್ದು ನೀವೇ."

"ಅಲ್ಲ." ಸೂಜಿಯಕ್ಕನ ಮುಖದಲ್ಲಿ ಭಯ ಇರಲಿಲ್ಲ, ಬೇಸರವಿತ್ತು. "ಆವತ್ತು ಸಂಜೆ ನಾನು ಇದೇ ಮಾತು ಹೇಳಿ ಹಚ್ಚಿದ್ದು. ನೀರು ಏರಿತ್ತು, ದಾರಿ ಮುಚ್ಚಿತ್ತು. ಕೆಳಗೆ ಅವರು ಬಿದ್ದಿದ್ರು. ದೂರದಲ್ಲಿ ಮೀನಿನ ದೋಣಿಗಳು ತಿರುಗಿ ಬರ್ತಾ ಇದ್ವು. ಏನು ಮಾಡ್ಲಿ? ಮೇಲೆ ಬಂದು, ನಾನಲ್ಲ, ನಾನು ತಳ್ಳಲಿಲ್ಲ ಅಂತ ಅತ್ತೆ. ಹತ್ತಿತು. ಇರುಳಿನ ಇಳಿತಕ್ಕೆ ಕಾದಿದ್ದು ಮನೆಗೆ ಹೋದೆ. ಇನ್ನು ನೂರು ಸಲ ಹೇಳಿದ್ರೂ ಅದು ಹತ್ತಲ್ಲ."

ತನಿಖೆಯಮ್ಮ ಕಣ್ಣು ಮುಚ್ಚಿದಳು. ಹಳೆಯ ನಿಜವೂ ಹೊಸ ಸುಳ್ಳೂ ಈ ಕಲ್ಲಿನ ಮುಂದೆ ಒಂದೇ. ಐದು ದಿನ ಕೂತು ಹೆಣೆದ ಬಲೆಯಲ್ಲಿ ಆನೆ ನುಗ್ಗುವಷ್ಟು ದೊಡ್ಡ ತೂತು ಬಿಟ್ಟಿದ್ದಳು.

ಹಡಗು ಕೊಂಬು ಊದಿತು. ನೀರು ಮೂಕವಾದರೂ ಕೊಂಬಿಗೆ ಸದ್ದಿತ್ತು. ದೀಪ ಎಲ್ಲಿ ಎಂದು ಕೇಳುವ ಒಂದು ಉದ್ದದ ಕೂಗು.

"ಬೇರೆ ಏನಾದ್ರೂ ಹೇಳಿ. ಬೇಗ."

"ನೀವೇ ಹೇಳಿ," ಎಂದು ಸೂಜಿಯಕ್ಕ ಹಿಂದೆ ಸರಿದಳು. "ದಿನಾ ನೀವೇ ಹೇಳ್ತಿದ್ದೀರಲ್ಲ."

ಹೇಳಲು ಒಂದು ಮಾತು ಇತ್ತು. ಬೆಳಿಗ್ಗೆಯೇ ಆರಿಸಿ ಇಟ್ಟುಕೊಂಡಿದ್ದಳು. ಆದರೆ ಇನ್ನೊಬ್ಬರ ಎದುರು ಹೇಳಬೇಕಾಗುತ್ತದೆ ಎಂದುಕೊಂಡಿರಲಿಲ್ಲ. ಅನುಮಾನದ ಮೇಲೆ ಕರೆಸಿದವಳ ಎದುರಿಗಂತೂ ಅಲ್ಲ. ತನಿಖೆಯಮ್ಮ ಕಲ್ಲಿಗೆ ಮುಖ ಮಾಡಿ, ಬೆನ್ನನ್ನು ಸೂಜಿಯಕ್ಕನ ಕಡೆಗಿಟ್ಟು ನಿಂತಳು.

"ನಂಗೆ ಯಾರೂ ಇಲ್ಲ," ಎಂದಳು. "ಅದೇ ನಂಗೆ ಸುಖ. ಒಬ್ಬಳೇ ಇರೋದೇ ನಂಗೆ ಬೇಕಾದದ್ದು. ಯಾರ ಮುಂದೂ ಇದನ್ನ ಹೇಳಿಲ್ಲ. ಕರುಣೆ ತೋರಿಸೋಕೆ ಶುರು ಮಾಡ್ತಾರೆ ಅಂತ."

ಕಲ್ಲು ಹತ್ತಲಿಲ್ಲ.

ಅವಳಿಗೆ ಮೊದಲು ಅರ್ಥವಾಗಲಿಲ್ಲ. ಬಟ್ಟಲಿಗೆ ಇನ್ನಷ್ಟು ಹತ್ತಿರ ಹೋದಳು. ಇದನ್ನು ಅವಳು ಯಾರಿಗೂ ಹೇಳಿರಲಿಲ್ಲ, ಅದು ಖಂಡಿತ. ಪ್ರತಿ ಊರಿನ ಪ್ರತಿ ಬಾಡಿಗೆ ಕೋಣೆಯಲ್ಲಿ, ಬಾಗಿಲು ಹಾಕಿಕೊಂಡು ಬೂಟು ಬಿಚ್ಚುವಾಗ, ಮನಸ್ಸಿನಲ್ಲಿ ಹೇಳಿಕೊಂಡದ್ದು ಮಾತ್ರ. ಇಪ್ಪತ್ತು ವರ್ಷ ಹೇಳಿಕೊಂಡದ್ದು. ಹಳೆಯದಲ್ಲದಿದ್ದರೆ ಉಳಿಯುವುದು ಒಂದೇ.

ಹಿಂದಕ್ಕೆ ತಿರುಗುವ ಧೈರ್ಯ ಅವಳಿಗೆ ಬರಲಿಲ್ಲ.

ಸೂಜಿಯಕ್ಕ ನಗಲಿಲ್ಲ. ಒಂದು ಹೆಜ್ಜೆ ಮುಂದೆ ಬಂದು ಪಕ್ಕದಲ್ಲಿ ನಿಂತಳು. ಭುಜಕ್ಕೆ ಭುಜ ತಾಗಿತು.

"ಇವರಿಗೂ ಒಂದು ಸಲ ಹೀಗೇ ಆಗಿತ್ತಂತೆ," ಎಂದಳು ಮೆಲ್ಲಗೆ. "'ನನ್ನ ಹೆಂಡತಿ ನನ್ನನ್ನ ಮರೆತಿದಾಳೆ' ಅಂದರಂತೆ. ಹತ್ತಲಿಲ್ಲವಂತೆ. ಆವತ್ತು ಕೋಟು ಹೊಲಿಯೋವಾಗ ಹೇಳಿದ್ರು. ಅದಕ್ಕೇ ಚೀಟಿ ಕಳಿಸಿದೆ ಅಂದ್ರು."

ಹಡಗು ಮತ್ತೆ ಕೂಗಿತು. ಈ ಸಲ ಎರಡು ಬಾರಿ, ಚುಟುಕಾಗಿ. ಬಂಡೆಗಳ ನೊರೆ ಕಾಣುವಷ್ಟು ಬೆಳಕೂ ಈಗ ಇರಲಿಲ್ಲ. ತನಿಖೆಯಮ್ಮ ಬೇರೆ ಮಾತಿಗಾಗಿ ಎದೆಯೆಲ್ಲ ತಡಕಾಡಿದಳು. ಬೇಕೆಂದಾಗ ಬಾವಿ ಬತ್ತಿತ್ತು.

"ಅಕ್ಕಾ, ಮುನ್ನೂರು ಜನ ಇದ್ದಾರೆ ಅದರಲ್ಲಿ. ನಿಮ್ಮ ಹತ್ರ ಇನ್ನೊಂದು ಮಾತಿದೆ. ನಂಗೆ ಗೊತ್ತು. ಕೆಳಗೆ ಅರ್ಧಕ್ಕೆ ಬಿಟ್ಟಿರಿ."

ಸೂಜಿಯಕ್ಕ ಗಾಜಿನಾಚೆಯ ಹಡಗನ್ನು ನೋಡುತ್ತ ನಿಂತಿದ್ದಳು. ಹಡಗಿನ ಮೂತಿ ಕಿರುದಾರಿಯ ಕಡೆಗೆ ನಿಧಾನವಾಗಿ ತಿರುಗತೊಡಗಿತು. ಅವಳು ಆಗಲೂ ಬಾಯಿ ಬಿಡಲಿಲ್ಲ.

"ಅಕ್ಕಾ."

"ನನ್ನ ಗಂಡನನ್ನ ತಳ್ಳಿದ ಕೈ ಯಾರದ್ದು ಅಂತ," ಎಂದಳು ಸೂಜಿಯಕ್ಕ, "ನಂಗೆ ಗೊತ್ತು."

ಕಲ್ಲಿನ ಒಳಗೆ ಮೊದಲು ಹಾಲಿನ ಬಣ್ಣದ ಒಂದು ಎಳೆ ಸುತ್ತಿತು. ಮರುಗಳಿಗೆ ಇಡೀ ಕೋಣೆ ಬೆಳಗಿತು. ಇಬ್ಬರೂ ಮುಖಕ್ಕೆ ಕೈ ಅಡ್ಡ ಹಿಡಿದುಕೊಂಡರು. ಬೆಳಕು ಗಾಜು ದಾಟಿ ನೀರಿನ ಮೇಲೆ ಬಿದ್ದು, ಒಂದೊಂದೇ ಬಂಡೆಯನ್ನು ಹಲ್ಲು ಎಣಿಸಿದಂತೆ ತೋರಿಸಿತು. ಹಡಗು ಥಟ್ಟನೆ ಎಡಕ್ಕೆ ಹೊರಳಿತು. ಒಂದು ಬಂಡೆ ಅದರ ಪಕ್ಕೆಯಿಂದ ದೋಣಿಯುದ್ದ ದೂರದಲ್ಲಿ ಜಾರಿಹೋಯಿತು.

ತನಿಖೆಯಮ್ಮ ಉಸಿರು ಬಿಟ್ಟಳು. ಆಮೇಲೆ ತನ್ನ ಕೆಲಸ ನೆನಪಾಯಿತು.

"ಆ ಕೈ ನಿಮ್ಮದೇ ಆಗಿದ್ರೂ ಈ ಮಾತು ಹತ್ತುತಿತ್ತು," ಎಂದಳು.

"ನೀವು ಬಿಡೋರಲ್ಲ." ಸೂಜಿಯಕ್ಕ ದೀಪದಣ್ಣನ ಮಣೆಯ ಮೇಲೆ ಕುಸಿದು ಕೂತಳು. ಬೇಡವೆಂದದ್ದು ಅವಳಿಗೇ ನೆನಪಿರಲಿಲ್ಲವೇನೋ. "ಆ ದಿನ ಈ ಗೋಪುರದಲ್ಲಿ ಮೂರು ಜನ ಇದ್ವಿ. ಅವರು ಮಾತು ಅರ್ಧಕ್ಕೆ ಬಿಟ್ಟು ಮೇಲೆ ಹೋದದ್ದು ಸುಮ್ಮನೆ ಅಲ್ಲ. ಮೇಲಿಂದ ಯಾರೋ ಕರೆದ್ರು. ದನಿ ನಂಗೆ ಗುರುತಿತ್ತು. ಅವರಿಗೂ ಗುರುತಿತ್ತು."

"ಯಾರು?"

"ಹೇಳಿದ್ರೆ ನಿಮಗೆ ಸುಲಭ. ನಂಗೆ?"

"ಮತ್ತೆ ಹಡಗು ಅಷ್ಟು ಹತ್ತಿರ ಬರೋ ತನಕ ಯಾಕೆ ಕಾದ್ರಿ? ಮುನ್ನೂರು ಜನರ ಜೀವ ಕೈಯಲ್ಲಿ ಹಿಡ್ಕೊಂಡು?"

ಸೂಜಿಯಕ್ಕ ಮುಖ ಎತ್ತಿದಳು. ಆ ಬೆಳಕಿನಲ್ಲಿ ಅವಳ ಕಣ್ಣಿನ ಕೆಳಗಿನ ಒಂದೊಂದು ಗೆರೆಯೂ ಕಾಣುತ್ತಿತ್ತು.

"ಮುನ್ನೂರರಲ್ಲಿ ಒಬ್ಬ ಅವನು," ಎಂದಳು. "ಆವತ್ತು ನೀರು ಏರೋ ಮುಂಚೆ ಇಳಿದು ಹೋದವನು, ಈ ಹಡಗಿಗೇ ತಿರುಗಿ ಬರ್ತೀನಿ ಅಂದಿದ್ದ. ಮುಳುಗಿದ್ರೆ ಮುಳುಗಲಿ ಅಂತ ಒಂದು ಮನಸ್ಸು. ನೀವು ಕೊಲೆಗಾರ್ತಿನ ಹುಡುಕ್ತಾ ಬಂದ್ರಿ. ಈಗ ತಾನೇ ಒಬ್ಬಳು ಆಗೋದ್ರಲ್ಲಿ ಇದ್ದಳು, ಕೂದಲೆಳೆಯಲ್ಲಿ ತಪ್ಪಿತು."

ತನಿಖೆಯಮ್ಮ ಗಾಜಿನ ಹತ್ತಿರ ಓಡಿದಳು. ಕಿರುದಾರಿ ದಾಟಿದ ಮೇಲೆ ಜನರ ಹಡಗು ನಿಲ್ಲದೆ ನೇರ ಬಂದರಿಗೆ ಹೋಗುತ್ತದೆ. ಇವತ್ತು ಅದು ವೇಗ ಇಳಿಸಿತು. ಗೋಪುರದ ಮುಂದೆ ಬಂದು ನಿಂತೇಬಿಟ್ಟಿತು. ಅದರ ಪಕ್ಕೆಯಿಂದ ಹಗ್ಗ ಬಿಟ್ಟು ಒಂದು ಚಿಕ್ಕ ದೋಣಿಯನ್ನು ನೀರಿಗೆ ಇಳಿಸಿದರು. ಅದರಲ್ಲಿ ಒಬ್ಬನೇ. ಹುಟ್ಟು ಹಾಕುತ್ತ ಸೀದಾ ಗೋಪುರದ ಕಡೆಗೆ ಬರತೊಡಗಿದ. ಹುಟ್ಟು ನೀರನ್ನು ಸೀಳುವುದು ಕಾಣುತ್ತಿತ್ತು, ಏನೊಂದೂ ಕೇಳುತ್ತಿರಲಿಲ್ಲ.

ಅಂಬಿಗ ಬರುವುದು ನಾಳೆ ಬೆಳಿಗ್ಗೆ. ಬಂಡೆಯ ದಾರಿ ನೀರಿನಡಿ ಇತ್ತು. ಗೋಪುರದಲ್ಲಿದ್ದದ್ದು ಇಬ್ಬರು ಹೆಂಗಸರು.

"ನೀವು ಇಲ್ಲಿರೋದು ಅವನಿಗೆ ಗೊತ್ತಾ?" ತನಿಖೆಯಮ್ಮ ಕೇಳಿದಳು.

ಸೂಜಿಯಕ್ಕ ಎದ್ದು ಬಂದು ಅವಳ ಪಕ್ಕದಲ್ಲಿ ನಿಂತಳು. ದೋಣಿಯವನು ಹುಟ್ಟು ನಿಲ್ಲಿಸಿ, ಬೆಳಕಿಗೆ ಮುಖವೆತ್ತಿ, ಗಾಜಿನ ಹಿಂದಿನ ಎರಡು ನೆರಳುಗಳ ಕಡೆಗೆ ಕೈ ಬೀಸಿದ. ದೂರದ ಊರಿಂದ ಬಂದ ಮಗ ಮನೆಯ ಬಾಗಿಲಲ್ಲಿ ನಿಂತ ತಾಯಿಗೆ ಬೀಸುವ ಹಾಗೆ.

ತನಿಖೆಯಮ್ಮ ಪಕ್ಕಕ್ಕೆ ತಿರುಗಿದಳು. ಸೂಜಿಯಕ್ಕನ ಕಣ್ಣಲ್ಲಿ ನೀರು ಧಾರೆಯಾಗಿ ಇಳಿಯುತ್ತಿತ್ತು. ಅವಳ ಬಲಗೈ, ಅವಳನ್ನು ಕೇಳದೆಯೇ, ತಾನೂ ಮೇಲೆದ್ದು ಬೀಸುತ್ತಿತ್ತು.